ಹಿಪ್ಪಲಿಯಿಂದ ಪ್ಫೆಫರ್ ತನಕ: ಜರ್ಮನ್ ಪದಗಳ ಬೇರು ಹುಡುಕಿದ ನನ್ನ ಅನುಭವ

ನಾನು ಸಾಗರದ ಕಡೆಯವಳು, ಏಳು ವರ್ಷದಿಂದ ಜರ್ಮನಿಯ ಲುಡ್ವಿಗ್ಸ್‌ಹಾಫನ್‌ನಲ್ಲಿದೀನಿ. ಬಂದ ಹೊಸದ್ರಲ್ಲಿ ಸಂಜೆ ಹೊತ್ತು ಜರ್ಮನ್ ಕ್ಲಾಸಿಗೆ ಹೋಗ್ತಿದ್ದೆ. ದಿನಾ ಮೂವತ್ತು ನಲವತ್ತು ಪದ ಬಾಯಿಪಾಠ ಮಾಡ್ಕೊಂಡು ಬನ್ನಿ ಅನ್ನೋರು, ನಾನು ಮಾಡ್ತಾನೂ ಇದ್ದೆ, ಮುಂದಿನ ವಾರಕ್ಕೆ ಅರ್ಧಕ್ಕರ್ಧ ಮರ್ತೋಗಿರೋದು. ಈ ಪದ ಯಾಕೆ ಹಿಂಗಿದೆ ಅಂತ ಕೇಳಿದ್ರೆ "ಅದು ಹಂಗೇ, ಕಲೀಬೇಕು ಅಷ್ಟೇ" ಅನ್ನೋದೊಂದೇ ಉತ್ತರ. ಭಾಷೆ ಯಾವ್ದಾದ್ರೂ ಸುಮ್ನೆ ಹಂಗೇ ಇರುತ್ತಾ, ನಂಗೆ ಅದು ಒಪ್ಪಿಗೆ ಆಗ್ಲೇ ಇಲ್ಲ.

ನಂಗೆ ದಾರಿ ಸಿಕ್ಕಿದ್ದು ಕ್ಲಾಸಲ್ಲಲ್ಲ, ಶನಿವಾರದ ಸಂತೇಲಿ. ಸೇಬು ಮಾರ್ತಿದ್ದ ಒಬ್ರು ವಯಸ್ಸಾದ ಹೆಂಗಸು ನನ್ ಮುಂದಿದ್ದ ಗಿರಾಕಿ ಹತ್ರ ಮಾತಾಡ್ತಾ ಮಾತಾಡ್ತಾ "ಆಪೆಲ್" ಅಂದ್ರು. ಕ್ಲಾಸಲ್ಲಿ ನಮಗೆ ಕಲಿಸಿದ್ದು "ಆಪ್ಫೆಲ್", ತುಟಿ ಮುಚ್ಚಿ ಪ್ ಅಂದು ಅಲ್ಲಿಂದ್ಲೇ ಫ್ ಊದ್ಬೇಕು, ಅದನ್ನ ಕಲಿಯೋಕೆ ನಾನು ಪಟ್ಟ ಪಾಡು ನಂಗೇ ಗೊತ್ತು. ಇವ್ರು ನೋಡಿದ್ರೆ ಇಂಗ್ಲಿಷ್ ಆಪಲ್ ಥರಾನೇ ಹೇಳ್ತಿದಾರೆ! ಆಮೇಲೆ ಕಿವಿಗೊಟ್ಟು ಕೇಳ್ತಾ ಹೋದ್ರೆ ಇಲ್ಲಿಯ ಹಳಬರೆಲ್ಲಾ ಹಂಗೇ. ಕಾಳುಮೆಣಸಿಗೆ ಪುಸ್ತಕದಲ್ಲಿ "ಪ್ಫೆಫರ್", ಇವರ ಬಾಯಲ್ಲಿ "ಪೆಫರ್". ಈ ಸೀಮೆ ಹೆಸರೇ "ಪ್ಫಾಲ್ತ್ಸ್", ಆದ್ರೆ ಇಲ್ಲೇ ಹುಟ್ಟಿದೋರು "ಪಾಲ್ತ್ಸ್" ಅಂತಾರೆ.

ಅವತ್ತು ರಾತ್ರಿ ಕೂತು ಹುಡುಕಿದೆ. ಜರ್ಮನ್ ಭಾಷೆ ಓದೋರು ಮ್ಯಾಪಲ್ಲಿ ಇದಕ್ಕೊಂದು ಗೆರೆನೇ ಹಾಕಿಟ್ಟಿದಾರೆ, ಸ್ಪೈಯರ್ ಗೆರೆ ಅಂತ. ಸ್ಪೈಯರ್ ಊರು ನಮ್ಮನೆಯಿಂದ ಸುಮಾರು ಇಪ್ಪತ್ತು ಕಿಲೋಮೀಟರ್. ಗೆರೆಯ ಈಚೆ ಕಡೆ ಆಪೆಲ್, ಆಚೆ ದಕ್ಷಿಣಕ್ಕೆ ಹೋದ್ರೆ ಆಪ್ಫೆಲ್. ಡುಸೆಲ್ಡಾರ್ಫ್ ಹತ್ರ ಬೆನ್‌ರಾಟ್ ಗೆರೆ ಅಂತ ಇನ್ನೊಂದಿದೆ, ಅದರ ಉತ್ತರಕ್ಕೆ "ಮಾಕೆನ್", ದಕ್ಷಿಣಕ್ಕೆ "ಮಾಖೆನ್", ಎರಡೂ ಇಂಗ್ಲಿಷಿನ ಮೇಕ್ ಪದದ ಅಣ್ಣತಮ್ಮಂದಿರೇ. ಸುಮಾರು ಆರರಿಂದ ಎಂಟನೇ ಶತಮಾನದ ಒಳಗೆ ದಕ್ಷಿಣದ ಬೆಟ್ಟದ ಸೀಮೆಗಳಲ್ಲಿ ಪ, ಟ, ಕ ಸದ್ದುಗಳು ಬದಲಾದ್ವು, ಆ ಬದಲಾವಣೆ ಉತ್ತರಕ್ಕೆ ಬರ್ತಾ ಬರ್ತಾ ಒಂದೊಂದು ಸದ್ದು ಒಂದೊಂದು ಕಡೆ ನಿಂತುಬಿಡ್ತು, ಪೂರ್ತಿ ಉತ್ತರದ ತನಕ ಮುಟ್ಲೇ ಇಲ್ಲ. ನಮ್ಮ ಕನ್ನಡದ ನಿಘಂಟು ಮಾಡಿದ ಕಿಟ್ಟೆಲ್ ಹುಟ್ಟಿದ್ದು ಅಂಥ ಉತ್ತರದ ಕಡಲತೀರದ ಪೂರ್ವ ಫ್ರೀಸ್‌ಲ್ಯಾಂಡಲ್ಲೇ, ಅಲ್ಲಿ ನೀರಿಗೆ ಇವತ್ತಿಗೂ ಹಳಬರು "ವಾಟರ್" ಅಂತಾರೆ, "ವಾಸರ್" ಅನ್ನಲ್ಲ.

ಇದನ್ನ ಓದ್ತಿದ್ದಾಗ ನಂಗೆ ಥಟ್ ಅಂತ ನೆನಪಾಗಿದ್ದು ಕೆಳಗಿನ ಮಹಡಿಯ ತಮಿಳು ಗೆಳತಿ. ಅವಳು ಪಾಲ್ ಅಂದ್ರೆ ನಾನು ಹಾಲು ಅಂತೀನಿ, ಅವಳ ಪುಲಿ ನನ್ನ ಹುಲಿ, ಅವಳ ಪತ್ತು ನನ್ನ ಹತ್ತು. ಹಳಗನ್ನಡದಲ್ಲಿ ನಮ್ದೂ ಪಾಲ್, ಪುಲಿ, ಪತ್ತೇ ಇತ್ತಲ್ಲ, ಆಮೇಲೆ ಪ ಹೋಗಿ ಹ ಬಂತು, ಒಂದೆರಡು ಪದದಲ್ಲಲ್ಲ, ಸಾಲುಸಾಲಾಗಿ. ಅಷ್ಟೇ ವಿಷ್ಯ! ಜರ್ಮನ್ನರು ಮಾಡಿದ್ದೂ ಅದನ್ನೇ. ಹೈಸ್ಕೂಲಲ್ಲಿ ಹಳಗನ್ನಡ ಪದ್ಯ ಓದಿದ ಯಾರಿಗಾದ್ರೂ ಇದು ಹೊಸದಲ್ಲ, ನಮಗೆ ಮೊದ್ಲೇ ಗೊತ್ತಿರೋ ಲೆಕ್ಕನ ಬೇರೆ ಭಾಷೆ ಮೇಲೆ ಹಾಕೋದು ಅಷ್ಟೇ.

ಮಾರನೇ ದಿನವೇ ಒಂದು ನೋಟ್‌ಬುಕ್ ತಗೊಂಡು ಉದ್ದುದ್ದ ಗೆರೆ ಹಾಕ್ಕೊಂಡೆ, ಸಂಸ್ಕೃತಕ್ಕೊಂದು ಕಾಲಂ, ಲ್ಯಾಟಿನ್‌ಗೊಂದು, ಇಂಗ್ಲಿಷಿಗೊಂದು, ಜರ್ಮನ್‌ಗೊಂದು. ದಂತ, ಡೆಂಟಿಸ್, ಟೂತ್, ತ್ಸಾನ್. ದಶ, ಡೆಕೆಮ್, ಟೆನ್, ತ್ಸೇನ್. ದ್ವಿ, ದುವೊ, ಟೂ, ತ್ಸ್ವೈ. ಮೂರು ಸಾಲು ಬರೆಯೋಷ್ಟರಲ್ಲಿ ಮೆಟ್ಟಿಲು ಕಾಣೋಕೆ ಶುರುವಾಯ್ತು: ಸಂಸ್ಕೃತ, ಲ್ಯಾಟಿನ್‌ನಲ್ಲಿ ದ, ಇಂಗ್ಲಿಷಲ್ಲಿ ಟ, ಜರ್ಮನ್‌ನಲ್ಲಿ ತ್ಸ. ಅಂದ್ರೆ ಎರಡು ಸಲ ಇಳಿದಿದೆ. ಮೊದಲ ಇಳಿತ ಕ್ರಿಸ್ತನಿಗಿಂತ ಹಿಂದಿನದು, ಇಂಗ್ಲಿಷ್, ಜರ್ಮನ್, ಡಚ್, ಸ್ವೀಡಿಷ್ ಎಲ್ಲದಕ್ಕೂ ಒಂದೇ. ಅದನ್ನ 1818ರಲ್ಲಿ ಡೆನ್ಮಾರ್ಕಿನ ರಾಸ್ಮುಸ್ ರಾಸ್ಕ್ ಗುರುತಿಸಿದ್ರು, 1822ರಲ್ಲಿ ಯಾಕೋಬ್ ಗ್ರಿಮ್ ನಿಯಮ ಮಾಡಿ ಬರೆದ್ರು. ಮಕ್ಕಳ ಜಾನಪದ ಕತೆ ಕೂಡಿಸಿದ ಅಣ್ಣತಮ್ಮಂದಿರು ಇದಾರಲ್ಲ, ಅವ್ರಲ್ಲಿ ದೊಡ್ಡೋರು. ಎರಡನೇ ಇಳಿತ ಜರ್ಮನ್ ಒಂದರದೇ, ಸಂತೇಲಿ ಆ ಅಜ್ಜಿ ಬಾಯಲ್ಲಿ ಆಗದೇ ಉಳಿದಿತ್ತಲ್ಲ ಅದು. ಇದಾದ್ಮೇಲೆ ಪದ ಬಾಯಿಪಾಠ ಮಾಡೋದೇ ಬಿಟ್ಟೆ. ಇಂಗ್ಲಿಷಿನ ಥ ಜರ್ಮನ್‌ನಲ್ಲಿ ಡ ಆಗುತ್ತೆ, ಥಿಂಗ್ ಡಿಂಗ್, ಥಿಂಕ್ ಡೆಂಕೆನ್. ಡ ಹೋಗಿ ಟ ಆಗುತ್ತೆ, ಡೇ ಟಾಗ್, ಡೋರ್ ಟ್ಯೂರ್. ಹಿಂಗೆ ಹಿಡಿದ್ರೆ ನೂರಾರು ಪದ ತಾವಾಗೇ ಬಂದು ಕೂತ್ಕೊಳ್ತಾವೆ.

ಆದ್ರೆ ಇಲ್ಲೇ ನಾನೊಂದು ದೊಡ್ಡ ತಪ್ಪು ಮಾಡಿದ್ದೆ, ಅದನ್ನ ಬಿಡಿಸಿ ಹೇಳ್ಬೇಕು, ಯಾಕಂದ್ರೆ ಹೊಸದಾಗಿ ಶುರು ಮಾಡೋ ಎಲ್ಲರೂ ಇದೇ ಗುಂಡಿಗೆ ಬೀಳ್ತಾರೆ. ಜರ್ಮನ್‌ನಲ್ಲಿ "ಹಾಬೆನ್" ಅಂದ್ರೆ ಇರೋದು, ಹೊಂದಿರೋದು, ಲ್ಯಾಟಿನ್‌ನಲ್ಲಿ ಅದೇ ಅರ್ಥಕ್ಕೆ "ಹಬೇರೆ". ಸದ್ದೂ ಒಂದೇ, ಅರ್ಥನೂ ಒಂದೇ, ಇನ್ನೇನು ಬೇಕು ಅಂತ ನೋಟ್‌ಬುಕ್ಕಲ್ಲಿ ಒಂದೇ ಸಾಲಲ್ಲಿ ಬರೆದು ಕೆಂಪು ಇಂಕಲ್ಲಿ ರೌಂಡ್ ಹಾಕಿದ್ದೆ. ಒಂದು ತಿಂಗಳಾದ್ಮೇಲೆ ಬೇರೆ ಪದ ನೋಡ್ತಿದ್ದಾಗ ಇದು ಕಣ್ಣಿಗೆ ಬಿತ್ತು, ತಡಿ ಇದೆಂಗೆ ಸರಿಯಾಗುತ್ತೆ ಅನ್ನಿಸ್ತು. ಗ್ರಿಮ್ ಲೆಕ್ಕದ ಪ್ರಕಾರ ಜರ್ಮನ್‌ನ ಹ ಎದುರಿಗೆ ಲ್ಯಾಟಿನ್‌ನಲ್ಲಿ ಕ ಇರ್ಬೇಕು, ಹಾರ್ನ್ ಎದುರಿಗೆ ಕಾರ್ನು, ಹಂಡ್ರೆಡ್ ಎದುರಿಗೆ ಕೆಂಟುಮ್. ಲ್ಯಾಟಿನ್‌ನ ಹ ಎದುರಿಗೆ ಜರ್ಮನ್‌ನಲ್ಲಿ ಗ ಬರ್ಬೇಕು, ಹೊರ್ಟುಸ್ ಎದುರಿಗೆ ಗಾರ್ಟೆನ್, ಹೋಸ್ಟಿಸ್ ಎದುರಿಗೆ ಅತಿಥಿ ಅನ್ನೋ ಗಾಸ್ಟ್. ಹಂಗಾಗಿ ಹಾಬೆನ್‌ನ ನಿಜವಾದ ನೆಂಟ ಲ್ಯಾಟಿನ್‌ನ "ಕಪೇರೆ", ಹಿಡಿಯೋದು ಅಂತ ಅರ್ಥ, ಹಿಡಿದಿದ್ದು ನಮ್ಮ ಹತ್ರ ಇರುತ್ತಲ್ಲ. ಹಬೇರೆಯ ನೆಂಟ "ಗೇಬೆನ್", ಅಂದ್ರೆ ಕೊಡೋದು! ನಿಘಂಟು ತೆಗೆದು ನೋಡಿದ್ರೆ ಅಲ್ಲೂ ಅದೇ ಇತ್ತು. ಅವತ್ತು ನಾನು ಕಲಿತಿದ್ದು ಏನಂದ್ರೆ, ಎರಡು ಪದ ಒಂದೇ ಥರ ಕಾಣೋದು ಸಂಬಂಧಕ್ಕೆ ಸಾಕ್ಷಿ ಅಲ್ಲ, ಒಂದೇ ಲೆಕ್ಕದಲ್ಲಿ ಬೇರೆ ಬೇರೆ ಕಾಣೋದು ಸಾಕ್ಷಿ. ಇಂಗ್ಲಿಷಿನ ಡೇ ಮತ್ತೆ ಲ್ಯಾಟಿನ್‌ನ ದಿಯೇಸ್, ಎರಡೂ ದಿನವೇ, ಆದ್ರೂ ನೆಂಟಸ್ತಿಕೆ ಇಲ್ಲ. ಅದೇ ಟ್ಯೂಸ್‌ಡೇ ಅನ್ನೋದ್ರಲ್ಲಿರೋ ಟ್ಯೂ ಹಳೇ ಇಂಗ್ಲಿಷರ ಒಂದು ದೇವರು, ಟೀವ್ ಅಂತ, ಅದು ನಮ್ಮ ದೇವ, ಲ್ಯಾಟಿನ್‌ನ ದೇವುಸ್‌ಗೆ ಸೊಗಸಾಗಿ ಹೊಂದುತ್ತೆ, ದ ಇದ್ದಲ್ಲಿ ಟ.

ಅಲ್ಲಿಂದ ಈಚೆಗೆ ನಿಘಂಟು ನೋಡ್ದೆ ಏನೂ ಬರೆಯಲ್ಲ. ವೋಲ್ಫ್‌ಗಾಂಗ್ ಪ್ಫೈಫರ್ ಮಾಡಿಸಿದ ಜರ್ಮನ್ ವ್ಯುತ್ಪತ್ತಿ ನಿಘಂಟು ನೆಟ್ಟಲ್ಲಿ ಪುಕ್ಕಟೆ ಸಿಗುತ್ತೆ, ಗ್ರಿಮ್ ಸೋದರರ ದೊಡ್ಡ ನಿಘಂಟೂ ಸಿಗುತ್ತೆ. ಯಾಕೋಬ್ ಗ್ರಿಮ್ 1863ರಲ್ಲಿ ತೀರ್ಕೊಂಡಾಗ "ಫ್ರುಖ್ಟ್" ಅನ್ನೋ ಪದದ ಹತ್ರ ಇದ್ರು, ಅಂದ್ರೆ ಹಣ್ಣು, ಆ ಕೆಲಸ ಮುಗಿಯೋಕೆ ಒಟ್ಟು ನೂರು ವರ್ಷಕ್ಕೂ ಜಾಸ್ತಿ ಹಿಡೀತು. ಅಷ್ಟು ಜನ ಅಷ್ಟು ವರ್ಷ ಒಂದೊಂದೇ ಪದ ಹಿಡ್ಕೊಂಡು ಕೂತಿದ್ರಲ್ಲ ಅಂತ ನೆನೆಸ್ಕೊಂಡ್ರೆ ನಂಗೆ ಕೈ ಮುಗೀಬೇಕು ಅನ್ಸುತ್ತೆ.

ಇನ್ನು ಎರವಲು ಪದಗಳು. ನಂಗೆ ಅತಿ ಇಷ್ಟ ಆಗೋ ಭಾಗ ಇದೇ. ಚಿಕ್ಕೋರಿದ್ದಾಗ ಕೆಮ್ಮು ಬಂದ್ರೆ ಅಮ್ಮಮ್ಮ ಹಿಪ್ಪಲಿ ಜಜ್ಜಿ ಜೇನುತುಪ್ಪದಲ್ಲಿ ಕಲಸಿ ನೆಕ್ಕಿಸೋಳು, ನಾಲಿಗೆ ಚುರ್ ಅನ್ನೋದು ಈಗ್ಲೂ ನೆನಪಿದೆ. ಆ ಹಿಪ್ಪಲಿ ಸಂಸ್ಕೃತದ ಪಿಪ್ಪಲಿ. ಅದೇ ಪಿಪ್ಪಲಿ ವ್ಯಾಪಾರದ ಮೂಟೆ ಜೊತೆ ಪಶ್ಚಿಮಕ್ಕೆ ಹೋಗಿ ಗ್ರೀಕಲ್ಲಿ ಪೆಪೆರಿ ಆಯ್ತು, ಲ ಹೋಗಿ ರ ಬಂದಿದ್ದು ದಾರೀಲಿ ಪರ್ಷಿಯನ್ನರ ಬಾಯಲ್ಲಿ ಇರ್ಬೇಕು ಅಂತಾರೆ, ಆಮೇಲೆ ಲ್ಯಾಟಿನ್‌ನಲ್ಲಿ ಪಿಪೆರ್, ಅಷ್ಟೊತ್ತಿಗೆ ಹಿಪ್ಪಲಿಗಷ್ಟೇ ಅಲ್ಲ ಕಾಳುಮೆಣಸಿಗೂ ಅದೇ ಹೆಸರು. ಕ್ರಿ.ಶ. 408ರಲ್ಲಿ ಗಾಥರ ದೊರೆ ಅಲಾರಿಕ್ ರೋಮ್‌ಗೆ ಮುತ್ತಿಗೆ ಹಾಕಿ ಕಪ್ಪ ಕೇಳಿದಾಗ ಚಿನ್ನ ಬೆಳ್ಳಿ ರೇಷ್ಮೆ ಜೊತೆ 3,000 ಪೌಂಡ್ ಮೆಣಸೂ ಇತ್ತು. ರೋಮನ್ನರಿಂದ ಈ ಪದ ಜರ್ಮನ್ನರಿಗೆ ಬಂದಿದ್ದು ಯಾವಾಗ ಅಂತ ಯಾರೂ ಚೀಟಿ ಬರೆದಿಟ್ಟಿಲ್ಲ, ಆದ್ರೆ ಪದವೇ ಹೇಳುತ್ತೆ. ಪ್ಫೆಫರ್‌ನಲ್ಲಿ ಎರಡು ಪ ಕೂಡ ಬದಲಾಗಿದಾವೆ, ಅಂದ್ರೆ ಆ ಎರಡನೇ ಇಳಿತ ಆಗೋವಾಗ ಪದ ಆಗ್ಲೇ ಮನೆಯೊಳಗೆ ಇತ್ತು. "ಪಾಪೀರ್" ಅಂದ್ರೆ ಕಾಗದ, ಅದ್ರಲ್ಲಿ ಎರಡೂ ಪ ಹಂಗೇ ಇದಾವೆ, ಅದು ಬಂದಿದ್ದು ತುಂಬ ತಡವಾಗಿ. ಜರ್ಮನಿಯಲ್ಲಿ ನ್ಯೂರೆನ್‌ಬರ್ಗ್ ಹತ್ರ ಕಾಗದದ ಗಿರಣಿ ಶುರುವಾಗಿದ್ದೇ 1390ರಲ್ಲಿ. ಹೆಂಚು, ಇಟ್ಟಿಗೆಗೆ ಹೇಳೋ "ತ್ಸೀಗೆಲ್" ಲ್ಯಾಟಿನ್‌ನ ತೇಗುಲಾ, ಅದ್ರಲ್ಲಿ ತ ಹೋಗಿ ತ್ಸ ಆಗಿದೆ, ಹಂಗಾಗಿ ಹಳೇ ನೆಂಟ, ರೋಮನ್ನರು ಇಲ್ಲಿ ರೈನ್ ನದಿ ದಡದಲ್ಲಿ ಕಲ್ಲುಗೋಡೆ ಹೆಂಚಿನ ಮನೆ ಕಟ್ಟಿದ ಕಾಲದ್ದು. ನಮ್ಮ ಸೀಮೆ ಹೆಸರು ಪ್ಫಾಲ್ತ್ಸ್, ಅರಮನೆ ಅನ್ನೋ "ಪಲಾಸ್ಟ್", ಎರಡಕ್ಕೂ ಮೂಲ ಲ್ಯಾಟಿನ್‌ನ ಪಲಾತಿಯುಮ್ ಒಂದೇ, ಒಂದು ಬೇಗ ಬಂದಿದ್ದು, ಇನ್ನೊಂದು ನಿಧಾನಕ್ಕೆ ಫ್ರೆಂಚ್ ದಾರಿ ಹಿಡಿದು ಬಂದಿದ್ದು.

ಇದೂ ಕನ್ನಡದಲ್ಲಿ ಇದ್ದಿದ್ದೇ. ಪರ್ವ ಹಬ್ಬ ಆಯ್ತು, ಪಕ್ಷಿ ಹಕ್ಕಿ ಆಯ್ತು, ಪಿಪ್ಪಲಿ ಹಿಪ್ಪಲಿ ಆಯ್ತು, ಇವೆಲ್ಲ ಜನರ ಬಾಯಿಗೆ ಬೇಗ ಬಂದು ಅವರ ಜೊತೇಲೇ ಬದಲಾದ ಪದಗಳು. ಪುಸ್ತಕ ಒಂದು ಸಲ ಬಂದು ಪೊತ್ತಗೆ, ಹೊತ್ತಗೆ ಆಯ್ತು, ಇನ್ನೊಂದು ಸಲ ಓದಿದೋರ ಕೈಲಿ ಪುಸ್ತಕವಾಗೇ ಉಳೀತು. ಪ್ಫಾಲ್ತ್ಸ್, ಪಲಾಸ್ಟ್ ಕತೆ ಓದಿದಾಗ ನಂಗೆ ಹೊತ್ತಗೆ, ಪುಸ್ತಕ ನೆನಪಾಗಿ ಅದೆಷ್ಟು ಖುಷಿ ಆಯ್ತು ಅಂದ್ರೆ ಎದ್ದು ಅಡುಗೆಮನೇಲಿದ್ದ ನಮ್ಮನೆಯವರಿಗೆ ಹೇಳಿ ಬಂದೆ.

ಒಂದು ಎಚ್ಚರಿಕೆ ಮಾತ್ರ ಹೇಳ್ತೀನಿ. ಅಕ್ಕಿಗೆ ಹೇಳೋ ಇಂಗ್ಲಿಷಿನ ರೈಸ್, ಜರ್ಮನ್‌ನ "ರೈಸ್" ಎಲ್ಲಾ ತಮಿಳಿನ ಅರಿಸಿಯಿಂದ ಹೋಗಿದ್ದು ಅಂತ ವಾಟ್ಸಾಪಲ್ಲಿ ಓಡಾಡ್ತಿರುತ್ತೆ. ಗ್ರೀಕಿನ ಒರೂಜಾದಿಂದ ಈ ಪದ ಯುರೋಪೆಲ್ಲಾ ಹರಡಿದ್ದು ನಿಜ, ಆದ್ರೆ ಗ್ರೀಕರಿಗೆ ಅದು ಎಲ್ಲಿಂದ ಸಿಕ್ತು ಅನ್ನೋದ್ರಲ್ಲಿ ಸಂಸ್ಕೃತದ ವ್ರೀಹಿ, ಪಶ್ತೋ ಭಾಷೆಯ ವ್ರಿಝೆ ಕಡೆಯ ಇರಾನಿ ದಾರಿನ ಹೆಚ್ಚು ಜನ ಪಂಡಿತರು ಒಪ್ತಾರೆ. ಶುಂಠಿಯ "ಇಂಗ್ವರ್" ಬೇರೆ ಮಾತು, ಅದರ ಹಿಂದಿರೋ ಸಂಸ್ಕೃತದ ಶೃಂಗವೇರದ ಕೊನೇಲಿರೋ ವೇರ ನಮ್ಮ ದ್ರಾವಿಡ ಬೇರು, ತಮಿಳಿನ ವೇರ್ ಅಂತ ತುಂಬ ಜನ ಒಪ್ತಾರೆ. ನಮ್ಮದು ಅಂತ ಆಸೆ ಇದ್ದಾಗ್ಲೇ ಎರಡು ಸಲ ನೋಡ್ಬೇಕು.

ಕೊನೇದಾಗಿ ಹೋದ ಚಳಿಗಾಲದ್ದು. ತಂದೆ "ಫಾಟರ್", ತಾಯಿ "ಮುಟರ್", ಎರಡ್ರಲ್ಲೂ ಟ. ಅಣ್ಣ ತಮ್ಮ ಮಾತ್ರ "ಬ್ರೂಡರ್", ಡ. ಸಂಸ್ಕೃತದಲ್ಲಿ ಪಿತಾ, ಮಾತಾ, ಭ್ರಾತಾ, ಮೂರ್ರಲ್ಲೂ ಒಂದೇ ತ, ಹಂಗಿದ್ಮೇಲೆ ಇಲ್ಲಿ ಯಾಕೆ ಎರಡು ದಾರಿ? ಗ್ರಿಮ್‌ಗೂ ಇದು ಬಿಡಿಸ್ಲಾಗಿರ್ಲಿಲ್ಲ. ಬಿಡಿಸಿದ್ದು 1870ರ ದಶಕದಲ್ಲಿ ಡೆನ್ಮಾರ್ಕಿನ ಕಾರ್ಲ್ ವೆರ್ನರ್. ಮಧ್ಯಾಹ್ನ ನಿದ್ದೆ ಬರ್ಲಿ ಅಂತ ಜರ್ಮನ್ ಪಂಡಿತ ಫ್ರಾಂತ್ಸ್ ಬೊಪ್ ಬರೆದ ವ್ಯಾಕರಣ ತೆಗೆದಾಗ ಸಂಸ್ಕೃತ ಪದಗಳ ಮೇಲಿನ ಸ್ವರದ ಗುರುತು ಕಣ್ಣಿಗೆ ಬಿದ್ದು ಹೊಳೀತು ಅಂತ ಹೇಳ್ತಾರೆ. ವೇದದ ಸ್ವರ! ಪಿತಾ, ಮಾತಾ ಪದದಲ್ಲಿ ಉದಾತ್ತ, ಅಂದ್ರೆ ದನಿ ಏರಿಸಿ ಹೇಳೋ ಸ್ವರ, ಕೊನೇ ಅಕ್ಷರದ ಮೇಲೆ, ಭ್ರಾತಾದಲ್ಲಿ ಮೊದಲಿನದ್ರ ಮೇಲೆ. ತಕಾರದ ಹಿಂದಿನ ಅಕ್ಷರಕ್ಕೆ ಒತ್ತು ಇದ್ರೆ ಸದ್ದು ಒಂದು ಕಡೆಗೆ, ಇಲ್ದಿದ್ರೆ ಇನ್ನೊಂದು ಕಡೆಗೆ.

ಅಪ್ಪಯ್ಯಂಗೆ ಫೋನ್ ಹಚ್ಚಿ, ವಾಯುವಿನ ಮಂತ್ರ ಹೇಳು ಅಂದೆ, ಯಾಕೆ ಅಂತ ಹೇಳ್ಲಿಲ್ಲ. "ಉತ ವಾತ ಪಿತಾಸಿ ನ ಉತ ಭ್ರಾತೋತ ನಃ ಸಖಾ" ಅಂತ ಸ್ವರ ಹಾಕಿ ಹೇಳಿದ್ರು, ಎರಡು ಪದನೂ ಒಂದೇ ಸಾಲಲ್ಲಿ. "ಪಿ" ಅನ್ನೋವಾಗ ದನಿ ಕೆಳಗಿಳಿದು "ತಾ"ಕ್ಕೆ ಮೇಲೆ ಬಂತು, "ಭ್ರಾ" ಅನ್ನೋವಾಗ ಇಳೀಲೇ ಇಲ್ಲ. ಇಲ್ಲಿ ಕಿಟಕಿ ಆಚೆ ಹಿಮ ಬೀಳ್ತಿತ್ತು, ಮೂರು ಸಲ ಹೇಳಿಸ್ಕೊಂಡು ಕೇಳಿದೆ. ಇಲ್ಲಿಯ ಮಕ್ಕಳು ಅಪ್ಪನ್ನ ಕರೆಯೋ ಪದದಲ್ಲಿ ಆ ದನಿಯ ಏರಿಳಿತದ ಗುರುತು ಇವತ್ತಿಗೂ ಉಳಿದಿದೆ ಅಂತ ಆಮೇಲೆ ವಿವರಿಸಿ ಹೇಳ್ದೆ. ಅವರು ಸ್ವಲ್ಪ ಹೊತ್ತು ಸುಮ್ನಿದ್ದು, "ಕೂಸೇ, ಹಂಗಾರೆ ಮಗಳಿಗೆ ಎಂತ ಹೇಳ್ತ ಅಲ್ಲಿ?" ಅಂತ ಕೇಳಿದ್ರು.

ಮಗಳು "ಟೊಖ್ಟರ್". ಸಂಸ್ಕೃತದ ದುಹಿತಾದಲ್ಲೂ ಉದಾತ್ತ ಕೊನೆಗೇ, ಹಂಗಾಗಿ ಫಾಟರ್ ಲೆಕ್ಕವೇ ಅಂತ ಹೇಳೋಕೆ ಬಾಯಿ ತೆಗೆದೋಳು ಹಾಬೆನ್ ನೆನಪಾಗಿ ನಿಲ್ಲಿಸ್ದೆ, ನೋಡಿ ಹೇಳ್ತೀನಿ ಅಂದೆ. ನೋಡಿದ್ರೆ ಅಲ್ಲಿಯ ಟಕ್ಕೆ ಕಾರಣವೇ ಬೇರೆ. ಹಿಂದೆ ಖ್ ಸದ್ದು ಇರೋದ್ರಿಂದ ಆ ಟ ಎರಡೂ ಇಳಿತದಲ್ಲಿ ಅಲ್ಲಾಡ್ಲೇ ಇಲ್ಲ, ಎಂಟು ಅನ್ನೋ ಲ್ಯಾಟಿನ್‌ನ ಓಕ್ಟೋ ಎದುರಿನ "ಆಖ್ಟ್", ರಾತ್ರಿ ಅನ್ನೋ ಸಂಸ್ಕೃತದ ನಕ್ತ ಎದುರಿನ "ನಾಖ್ಟ್", ಇವುಗಳಲ್ಲಿ ಉಳಿದ ಹಾಗೆ. ಮಾರನೇ ದಿನ ಫೋನ್ ಮಾಡಿ ಅಪ್ಪಯ್ಯಂಗೆ ಅದನ್ನೂ ಹೇಳ್ದೆ.