ವಾಕ್ಯದ ಕೊನೆಯನ್ನು ಮೊದಲು ಓದುವುದು

ಟೆಲಿವಿಷನ್‌ನಲ್ಲಿ ಕನ್ನಡ ವಾರ್ತೆ ಓದುವ ಕೆಲಸದಿಂದ ನಿವೃತ್ತಳಾದ ಮೇಲೂ ಜನ ನನ್ನ ಕಂಠವನ್ನೇ ಹೊಗಳುತ್ತಾರೆ. ಕಂಠ ಹುಟ್ಟಿನಿಂದ ಬಂದದ್ದು, ಅದರಲ್ಲಿ ನನ್ನ ಹೆಚ್ಚುಗಾರಿಕೆಯೇನೂ ಇಲ್ಲ. ನಾನು ಕಲಿತದ್ದು, ಅದೂ ತಡವಾಗಿ ಕಲಿತದ್ದು, ಬಾಯಿ ಒಂದು ಪದದಲ್ಲಿರುವಾಗಲೇ ಕಣ್ಣನ್ನು ಮುಂದಿನ ಸಾಲಿಗೆ ಕಳುಹಿಸುವುದನ್ನು.

ನಮ್ಮ ಭಾಷೆಯಲ್ಲಿ ಅದಿಲ್ಲದೆ ನಡೆಯುವುದಿಲ್ಲ. ಕ್ರಿಯಾಪದ ಬರುವುದು ವಾಕ್ಯದ ಕೊನೆಗೆ. ಅಪಘಾತಕ್ಕೀಡಾದ ಬಸ್ಸಿನಲ್ಲಿದ್ದವರು ಉಳಿದರೋ ಇಲ್ಲವೋ, ಮಸೂದೆ ಅಂಗೀಕಾರವಾಯಿತೋ ಬಿದ್ದುಹೋಯಿತೋ ಎಂಬುದು ಕಟ್ಟಕಡೆಯ ಪದದವರೆಗೂ ತಿಳಿಯುವುದಿಲ್ಲ, ಆದರೆ ದನಿಯನ್ನು ಮಾತ್ರ ಮೊದಲ ಪದದಿಂದಲೇ ಸುದ್ದಿಗೆ ಹೊಂದಿಸಬೇಕು. ಆದ್ದರಿಂದ ಓದಬೇಕಾದ ಸುದ್ದಿಯ ಹಾಳೆ ಕೈಗೆ ಬಂದ ಕೂಡಲೇ ನಾನು ಕ್ರಿಯಾಪದಗಳನ್ನು ಹುಡುಕಿ ಪೆನ್ಸಿಲ್‌ನಿಂದ ಅಡಿಗೆರೆ ಎಳೆದು, ಅಲ್ಲಿಂದ ಹಿಂದಕ್ಕೆ ಬರುತ್ತಾ, ಉಸಿರು ತೆಗೆದುಕೊಳ್ಳುವ ಕಡೆ ಒಂದು ಓರೆಗೆರೆಯನ್ನೂ ಹೆಚ್ಚು ಹೊತ್ತು ನಿಲ್ಲಬೇಕಾದ ಕಡೆ ಎರಡನ್ನೂ ಹಾಕುತ್ತಿದ್ದೆ. 12,47,000 ಎಂದಿದ್ದರೆ ‘ಹನ್ನೆರಡು ಲಕ್ಷ ನಲವತ್ತೇಳು ಸಾವಿರ’ ಎಂದು ಅಕ್ಷರದಲ್ಲಿ ಬರೆದುಕೊಳ್ಳುತ್ತಿದ್ದೆ, ಏಕೆಂದರೆ ನೇರಪ್ರಸಾರದಲ್ಲಿ ಸೊನ್ನೆ ಎಣಿಸತೊಡಗಿದರೆ ಮುಖವೇ ಅದನ್ನು ಹೇಳಿಬಿಡುತ್ತದೆ. ವಿದೇಶಿ ಹೆಸರುಗಳದ್ದು ಬೇರೆಯೇ ಪಾಡು. 1983ರಲ್ಲಿ ನೊಬೆಲ್ ಶಾಂತಿ ಪ್ರಶಸ್ತಿ ಪಡೆದ ಪೋಲೆಂಡಿನ ಕಾರ್ಮಿಕ ನಾಯಕರ ಹೆಸರನ್ನು, ಇಂಗ್ಲಿಷ್ ಅಕ್ಷರಗಳನ್ನು ನಂಬಿ, ‘ವಲೇಸಾ’ ಎಂದು ಎಷ್ಟೋ ದಿನ ಓದಿದವಳು ನಾನು. ಪೋಲಿಷ್ ಉಚ್ಚಾರ ‘ವವೆನ್ಸ’ ಎಂಬುದಕ್ಕೆ ಹತ್ತಿರ ಎಂದು ತಿಳಿದದ್ದು ಆಮೇಲೆ.

ಪ್ರಾಂಪ್ಟರ್ ಬಂದ ಮೇಲೆ ಎಲ್ಲವೂ ಸುಲಭವಾಯಿತೆಂದು ಹೊರಗಿನವರು ಭಾವಿಸುತ್ತಾರೆ. ಕೆಳಗಿನ ಪರದೆಯಲ್ಲಿ ಕನ್ನಡಿಯ ಬಿಂಬದಂತೆ ತಿರುಗುಮುರುಗಾಗಿ ಮೂಡಿದ ಅಕ್ಷರಗಳು, ಕ್ಯಾಮೆರಾದ ಲೆನ್ಸಿನ ಮುಂದೆ ಓರೆಯಾಗಿ ನಿಲ್ಲಿಸಿದ ಗಾಜಿನ ಮೇಲೆ ನೆಟ್ಟಗಾಗಿ ಕಾಣುತ್ತವೆ. ಲೆನ್ಸಿಗೆ ಮಾತ್ರ ಅಕ್ಷರ ಕಾಣದೆ ಓದುವವರ ಮುಖವಷ್ಟೇ ಕಾಣುತ್ತದೆ. ವೀಕ್ಷಕರತ್ತ ನೋಡುತ್ತಲೇ ಓದಬಹುದೆಂಬುದು ನಿಜ. ಆದರೆ ಒಂದು ಸಲಕ್ಕೆ ತೋರುವುದು ನಾಲ್ಕೈದು ಗಿಡ್ಡ ಸಾಲು, ಅದರಲ್ಲಿ ನಮ್ಮ ಒಂದೊಂದು ಸಮಾಸವೂ ಒಂದೊಂದು ಸಾಲನ್ನು ನುಂಗುತ್ತದೆ, ಬೇಕಾದ ಕ್ರಿಯಾಪದ ಇನ್ನೂ ಮೇಲಕ್ಕೆ ಬಂದೇ ಇರುವುದಿಲ್ಲ.

ಒಂದು ಸಂಜೆ ‘ಸಚಿವರು ರಾಜೀನಾಮೆ ನೀಡುವ’ ಎಂಬಲ್ಲಿಗೆ ಪ್ರಾಂಪ್ಟರ್ ನಿಂತುಬಿಟ್ಟಿತು. ಕೈಯಲ್ಲಿ ಹಾಳೆಗಳಿದ್ದವು, ಆದರೆ ಗಾಜನ್ನೇ ನೆಚ್ಚಿಕೊಂಡು ಮೂರು ಸುದ್ದಿಗಳಿಂದ ನಾನು ಅವನ್ನು ತಿರುವಿರಲಿಲ್ಲ. ಕಿವಿಯೊಳಗೆ ನಿರ್ಮಾಪಕರು ಏನೋ ಹೇಳುತ್ತಿದ್ದರು. ‘ಸಾಧ್ಯತೆ ಇದೆ’ ಎಂದು ನಾನೇ ವಾಕ್ಯವನ್ನು ಮುಗಿಸಿದೆ. ಹಾಳೆಯಲ್ಲಿದ್ದದ್ದು ‘ಪ್ರಶ್ನೆಯೇ ಇಲ್ಲ ಎಂದು ಸ್ಪಷ್ಟಪಡಿಸಿದ್ದಾರೆ’. ಮುಖ್ಯಾಂಶಗಳನ್ನು ಮತ್ತೊಮ್ಮೆ ಓದುವ ಮೊದಲು ತಿದ್ದುಪಡಿ ಓದಿ ವಿಷಾದ ಸೂಚಿಸಿದೆ. ‘ಏನೇ ಹೇಳಿ ಮೇಡಂ, ವ್ಯಾಕರಣದಲ್ಲಿ ಒಂದು ತಪ್ಪೂ ಇರಲಿಲ್ಲ’ ಎಂದು ಕಿರಿಯ ಸಹೋದ್ಯೋಗಿಯೊಬ್ಬರು ಸಮಾಧಾನ ಹೇಳಿದರು. ತಪ್ಪಿಗಿಂತ ಆ ಮಾತೇ ಹೆಚ್ಚು ಚುಚ್ಚಿತು, ಏಕೆಂದರೆ ಅಷ್ಟು ಸರಾಗವಾಗಿ ಹೇಳಿದ್ದರಿಂದಲೇ ಕೇಳಿದವರು ಅದನ್ನು ನಂಬಿರುತ್ತಾರೆ.

ಅಂದಿನಿಂದ ಪ್ರಾಂಪ್ಟರ್ ಎಷ್ಟೇ ಚೆನ್ನಾಗಿ ಓಡುತ್ತಿರಲಿ, ಸುದ್ದಿ ಮುಗಿದಂತೆಲ್ಲ ಕೈಯ ಹಾಳೆಯನ್ನೂ ಸರಿಸುತ್ತಿದ್ದೆ. ಅದು ಬರೀ ತೋರಿಕೆಗೆ ಎಂದುಕೊಂಡವರೂ ಇದ್ದರು.

ಉಡುಪಿನ ಬಗ್ಗೆ ಹೇಳುವುದು ಹೆಚ್ಚಿಲ್ಲ. ಒತ್ತಾದ ಸಣ್ಣ ಗೆರೆಗಳ ಬಟ್ಟೆ ತೆರೆಯ ಮೇಲೆ ಅಲೆಯಾಡಿದಂತೆ ಕಾಣುತ್ತದೆ. ಕ್ರೋಮಾದ, ಎಂದರೆ ಹಸಿರು ಇದ್ದಲ್ಲೆಲ್ಲ ಬೇರೆ ಚಿತ್ರವನ್ನು ಕೂಡಿಸುವ ತಂತ್ರದ, ಹಸಿರು ಹಿನ್ನೆಲೆಯ ಮುಂದೆ ಅದೇ ಹಸಿರನ್ನು ತೊಟ್ಟು ಕುಳಿತರೆ ಮೈ ಮಾಯವಾಗಿ ತಲೆಯೊಂದೇ ವಾರ್ತೆ ಓದುತ್ತದೆ.

ಈಗ ಓದಿಗೆ ಬಿಡುವಿದೆ. ಆದರೆ ಪುಟ ತಿರುವಿದೊಡನೆ ಕಣ್ಣು ತಾನಾಗಿಯೇ ಕೊನೆಯ ಸಾಲಿಗೆ ಹೋಗಿ ಕ್ರಿಯಾಪದವನ್ನು ನೋಡಿಕೊಂಡು ಮೇಲಕ್ಕೆ ಬರುತ್ತದೆ, ಹೀಗಾಗಿ ಪತ್ತೇದಾರಿ ಕಾದಂಬರಿಗಳನ್ನು ಓದುವುದನ್ನು ಬಿಟ್ಟಿದ್ದೇನೆ.