ಮ್ಯೂಟ್ ಮಾಡಿ ತಕೆಮಿತ್ಸು ಅವರಿಂದ ನಾನು ಕಲಿತದ್ದು

ಕಿರುಚಿತ್ರಗಳಿಗೆ ಹಿನ್ನೆಲೆ ಸಂಗೀತ ಮಾಡುವುದು ನನ್ನ ಕೆಲಸ. ಇದಕ್ಕೆ ನಾನು ಯಾವ ಶಾಲೆಗೂ ಹೋಗಲಿಲ್ಲ. ಜಪಾನಿನ ಸಂಗೀತ ಸಂಯೋಜಕ ಟೋರು ತಕೆಮಿತ್ಸು ಸಂಗೀತ ಕೊಟ್ಟ ಸಿನಿಮಾಗಳನ್ನು ಮತ್ತೆ ಮತ್ತೆ ನೋಡಿ ಕಲಿತೆ. ಅವರೂ ಬಹುಪಾಲು ಸ್ವಂತವಾಗಿಯೇ ಕಲಿತವರು. 1930ರಲ್ಲಿ ಟೋಕಿಯೊದಲ್ಲಿ ಹುಟ್ಟಿದರು. 1996ರಲ್ಲಿ ತೀರಿಕೊಳ್ಳುವಷ್ಟರಲ್ಲಿ ನೂರರ ಹತ್ತಿರ ಸಿನಿಮಾಗಳಿಗೆ ಸಂಗೀತ ಮಾಡಿದ್ದರು. ಜಪಾನಿನ ಸಾರ್ವಜನಿಕ ವಾಹಿನಿ ಎನ್‌ಎಚ್‌ಕೆ ಟಿವಿಗೂ ಕೆಲಸ ಮಾಡಿದ್ದರು.

ನಾನು ಮೊದಲು ದೃಶ್ಯವನ್ನು ಮ್ಯೂಟ್ ಮಾಡಿ ನೋಡುತ್ತೇನೆ. ನಾನಾಗಿದ್ದರೆ ಸಂಗೀತ ಎಲ್ಲಿ ಶುರು, ಎಲ್ಲಿ ಬಂದ್ ಅಂತ ಟೈಮ್‌ಕೋಡ್ (ನಿಮಿಷ, ಸೆಕೆಂಡಿನ ಲೆಕ್ಕ) ಸಮೇತ ಬರೆದುಕೊಳ್ಳುತ್ತೇನೆ. ಆಮೇಲೆ ಸೌಂಡ್ ಕೊಟ್ಟು ಹೋಲಿಸುತ್ತೇನೆ.

ನಿರ್ದೇಶಕ ಕುರೊಸಾವಾರ ‘ರಾನ್’ (1985) ಸಿನಿಮಾದ ಕೋಟೆ ಮುತ್ತಿಗೆಗೆ ನನ್ನ ಪಟ್ಟಿಯಲ್ಲಿ ನಗಾರಿ, ಕುದುರೆ ಗೊರಸು, ಕಿರುಚಾಟ ಎಲ್ಲ ಇತ್ತು. ಸೌಂಡ್ ಕೊಟ್ಟರೆ ಅದ್ಯಾವುದೂ ಇಲ್ಲ! ಜನ ಬಾಣ ತಿಂದು ಬೀಳುತ್ತಿದ್ದಾರೆ, ಕೇಳುವುದು ನಿಧಾನವಾದ ಆರ್ಕೆಸ್ಟ್ರಾ ಮಾತ್ರ. ಕೊನೆಗೆ ಒಂದು ಗುಂಡಿನ ಶಬ್ದ. ಮುದಿ ದೊರೆಯ ಹಿರಿಯ ಮಗ ತಾರೊ ಸಾಯುತ್ತಾನೆ, ಸಂಗೀತ ಕಡಿದುಹೋಗುತ್ತದೆ, ಯುದ್ಧದ ಗಲಾಟೆ ಒಮ್ಮೆಲೇ ನುಗ್ಗುತ್ತದೆ. ಈ ಸಂಗೀತ ಪಾಶ್ಚಾತ್ಯ ಶಾಸ್ತ್ರೀಯ ಸಂಯೋಜಕ ಮಾಹ್ಲರ್ ತರಹ ಇರಬೇಕು ಅಂತ ಕುರೊಸಾವಾ ಹಠ ಹಿಡಿದಿದ್ದರು. ತಕೆಮಿತ್ಸುಗೆ ಅದು ಹಿಡಿಸಲಿಲ್ಲ. ಡೈರೆಕ್ಟರ್ ರೆಫರೆನ್ಸ್ (ಇದರ ತರಹವೇ ಬೇಕು ಅನ್ನೋ ಮಾದರಿ) ಹಿಡ್ಕೊಂಡು ಕೂರೋದು ನಮಗೊಬ್ಬರಿಗೇ ಅಲ್ಲ, ಅಲ್ವಾ?

ನಿರ್ದೇಶಕ ಕೊಬಾಯಾಶಿಯವರ, ನಾಲ್ಕು ದೆವ್ವದ ಕಥೆಗಳಿರುವ ‘ಕ್ವೈದಾನ್’ ಇನ್ನೂ ಜಾಸ್ತಿ ಉಪಯೋಗಕ್ಕೆ ಬಂತು. ಅದರ ಮೊದಲ ಕಥೆಯಲ್ಲಿ ಮರ ಸೀಳುವ ಸದ್ದೇ ಸಂಗೀತ. ಅದೂ ಚಿತ್ರದಲ್ಲಿ ಹಲಗೆ ಮುರಿಯುವ ಕ್ಷಣಕ್ಕೆ ಕೂರುವುದಿಲ್ಲ, ಆಚೀಚೆ ಆಗುತ್ತದೆ. ಭಯ ಅಲ್ಲೇ ಹುಟ್ಟುವುದು. ನಾನು ಒಣ ಬಿದಿರು ಸೀಳಿ ಫೋನಿನಲ್ಲೇ ರೆಕಾರ್ಡ್ ಮಾಡಿದೆ. ವೇಗ ಅರ್ಧಕ್ಕೆ ಇಳಿಸಿದರೆ ಸದ್ದು ಒಂದು ಸ್ಥಾಯಿ ಕೆಳಗಿಳಿಯುತ್ತದೆ, ದಪ್ಪಗಾಗುತ್ತದೆ. ರಿವರ್ಬ್ (ಪ್ರತಿಧ್ವನಿಯ ಎಫೆಕ್ಟ್) ಹಾಕಲಿಲ್ಲ. ನಾನು ಸಂಗೀತ ಮಾಡುತ್ತಿದ್ದ ಕಿರುಚಿತ್ರದಲ್ಲಿ ಬಾಗಿಲು ತೆರೆಯುವ ದೃಶ್ಯಕ್ಕೆ ಅದನ್ನು ಸ್ವಲ್ಪ ತಡವಾಗಿ ಇಟ್ಟೆ. ಸಿಂಥಸೈಜರ್‌ನಲ್ಲಿ ಎಷ್ಟು ತಡಕಾಡಿದರೂ ಸಿಗದ ನಡುಕ ಅದರಲ್ಲಿ ಸಿಕ್ಕಿತು.

ಈಗ ಎಡಿಟ್ ಕೈಗೆ ಬಂದ ಕೂಡಲೇ ಸಂಗೀತ ಬೇಡದ ಜಾಗಗಳ ಪಟ್ಟಿಯನ್ನೇ ಮೊದಲು ನಿರ್ದೇಶಕರಿಗೆ ಕಳಿಸುತ್ತೇನೆ. ‘ಖಾಲಿ ಅನ್ಸಲ್ವಾ?’ ಅಂತಾರೆ. ಆಗ ಲೊಕೇಶನ್ ಸದ್ದನ್ನೇ ಸ್ವಲ್ಪ ಏರಿಸಿ ತೋರಿಸುತ್ತೇನೆ: ಫ್ಯಾನು, ದೂರದ ರಸ್ತೆ. ಅರ್ಧ ಜನ ಒಪ್ಪುತ್ತಾರೆ. ಉಳಿದವರಿಗೆ ವಯಲಿನ್ ಬೇಕೇ ಬೇಕು, ಒಂದೇ ಒಂದು ಕೊಡುತ್ತೇನೆ. ಈ ದಾರಿಯಲ್ಲಿ ಸಂಗೀತದ ನಿಮಿಷಗಳೇ ಕಮ್ಮಿ, ಹಾಗಾಗಿ ಇದನ್ನು ಹಿಡಿಯುವವರು ಸಂಭಾವನೆಯನ್ನು ಮಾತ್ರ ನಿಮಿಷದ ಲೆಕ್ಕದಲ್ಲಿ ಮಾತಾಡಬೇಡಿ. ಇಡೀ ಸಿನಿಮಾಕ್ಕೆ ಇಷ್ಟು ಅಂತ ಮೊದಲೇ ಹೇಳಿಬಿಡಿ.