ಬಾಬಿ ಲಿನ್‌ನ ಲೆಕ್ಕ ಬರೆದಿದ್ದು

ಬೆಂಗಳೂರಿನ ಆಸ್ಟಿನ್ ಟೌನ್‌ನಲ್ಲಿ ಚೆಂಡು ಒದ್ದು ಬೆಳೆದವನು ನಾನು. ಶನಿವಾರ ಮಧ್ಯಾಹ್ನ ಮನೆಯಲ್ಲಿ ಕೂರುವುದು ಆಗದ ಮಾತು. ಕೆಲಸಕ್ಕೆಂದು ಸ್ಕಾಟ್ಲೆಂಡಿನ ಡಂಡೀಗೆ ಬಂದ ಮೇಲೆ ರೈಲು ಹತ್ತಿ ಅರ್ಬ್ರೋತ್‌ಗೆ ಫುಟ್‌ಬಾಲ್ ನೋಡಲು ಹೋಗತೊಡಗಿದೆ. ಇಪ್ಪತ್ತು ನಿಮಿಷದ ದಾರಿ. ಬಾಬಿ ಲಿನ್ ಕಣ್ಣಿಗೆ ಬಿದ್ದಿದ್ದು ಅಲ್ಲೇ.

ಲಿನ್ ಡಂಡೀ ಊರಿನವನೇ, 1985ರಲ್ಲಿ ಹುಟ್ಟಿದವನು. ಆಗ ಹೊಟ್ಟೆಪಾಡಿಗೆ ಕಸದ ಲಾರಿಯ ಕೆಲಸ, ಶನಿವಾರ ವಿಂಗರ್, ಅಂದರೆ ಮೈದಾನದ ಅಂಚಿನಲ್ಲಿ ಓಡಿ ದಾಳಿ ಮಾಡುವ ಆಟಗಾರ. ಇಂಥವನ ಆಟದ ಬದುಕನ್ನು ಒಂದು ನೋಟ್‌ಬುಕ್‌ನಲ್ಲಿ ಇಳಿಸೋಣ ಅನ್ನಿಸಿತು. ಸುಮ್ನೆ, ನನ್ನ ಖುಷಿಗೆ.

ಕ್ಲಬ್‌ಗಳ ಪಟ್ಟಿ ಸುಲಭ: ಡಂಡೀ, ಪೀಟರ್‌ಹೆಡ್, ಮಾರ್ಟನ್, ಈಸ್ಟ್ ಫೈಫ್, 2013ರಲ್ಲಿ ಅರ್ಬ್ರೋತ್. ಎಡವಿದ್ದು ಅಂಕಿಗಳಲ್ಲಿ. ‘20 (8)’ ಎಂದಿದ್ದರೆ ಇಪ್ಪತ್ತು ಪಂದ್ಯ ಮೊದಲಿನಿಂದ, ಎಂಟು ಬದಲಿ ಆಟಗಾರನಾಗಿ ಬೆಂಚಿನಿಂದ ಎದ್ದು ಬಂದದ್ದು. ನಾನು ಎಂಟನ್ನು ಗೋಲು ಅಂದುಕೊಂಡು ಎರಡು ಪುಟ ತುಂಬಿಸಿದ್ದೆ! ಆಮೇಲೆ ಲೀಗ್, ಕಪ್ ಎರಡಕ್ಕೂ ಬೇರೆ ಬೇರೆ ಕಾಲಂ ಎಳೆದೆ. ಬೇರೆ ಕ್ಲಬ್‌ಗೆ ಎರವಲು ಹೋದ ಅವಧಿಗೆ ಕೆಂಪು ಪೆನ್ನು.

ಇಷ್ಟಾದರೂ ಪುಟ ಸಪ್ಪೆ. ವಿಂಗರ್ ಏನು ಮಾಡುತ್ತಾನೆ ಎಂಬುದು ಅದರಲ್ಲಿ ಇರಲೇ ಇಲ್ಲ.

ಇಲ್ಲಿನ ಕೆಳಗಿನ ಮೂರು ಡಿವಿಜನ್‌ಗಳಲ್ಲಿ ತಲಾ ಹತ್ತೇ ತಂಡ. ಪಂದ್ಯ ಮಾತ್ರ 36. ಅಂದರೆ ಪ್ರತಿ ತಂಡವನ್ನೂ ವರ್ಷಕ್ಕೆ ನಾಲ್ಕು ಸಲ ಎದುರಿಸಬೇಕು. ಆಗಸ್ಟ್‌ನಲ್ಲಿ ನಿನ್ನಿಂದ ಏಮಾರಿದ ಫುಲ್‌ಬ್ಯಾಕ್ (ಅಂಚು ಕಾಯುವ ರಕ್ಷಕ) ಏಪ್ರಿಲ್‌ನಲ್ಲೂ ಎದುರಿಗೇ ನಿಂತಿರುತ್ತಾನೆ. ಅಷ್ಟರಲ್ಲಿ ನಿನ್ನ ಪಟ್ಟು ಅವನಿಗೆ ಬಾಯಿಪಾಠ. ಒಂದೇ ಪಟ್ಟಿನ ವಿಂಗರ್ ಇಂಥ ಲೀಗ್‌ನಲ್ಲಿ ಒಂದು ಸೀಸನ್‌ನಲ್ಲೇ ಬಯಲಾಗುತ್ತಾನೆ, ಅಲ್ವಾ? ವರ್ಷಗಟ್ಟಲೆ ಉಳಿದವನ ಬಳಿ ಇನ್ನೇನೋ ಇರಬೇಕು. ನನಗೆ ಇದು ಗೋಲಿಗಿಂತ ದೊಡ್ಡ ವಿಷಯ.

ಹಾಗಾಗಿ ಮೈದಾನದ ಅಂಚಿನ ಗೆರೆಯ ಪಕ್ಕ ನಿಂತು ಗುರುತು ಹಾಕತೊಡಗಿದೆ. ಹೊರಗಿನಿಂದ ಓಡಿದರೆ ಒಂದು ಗೆರೆ, ಒಳಗೆ ನುಗ್ಗಿದರೆ ಅಡ್ಡಗೆರೆ, ಹಿಂದಕ್ಕೆ ಪಾಸ್ ಕೊಟ್ಟರೆ ಸೊನ್ನೆ. ಎದುರಾಳಿ ಫುಲ್‌ಬ್ಯಾಕ್ ಎಷ್ಟು ಗಜ ದೂರ ನಿಂತಿದ್ದಾನೆ ಎಂಬುದನ್ನೂ ಅಂದಾಜಿನಲ್ಲಿ ಬರೆದೆ. ಹೆದರಿದವನು ದೂರ ನಿಲ್ಲುತ್ತಾನೆ. ವಿಂಗರ್‌ಗೆ ಅದೇ ಸರ್ಟಿಫಿಕೇಟ್.

ಇನ್ನೊಂದು ಕಾಲಂ ಗಾಳಿಗೆ. ಅರ್ಬ್ರೋತ್‌ನ ಗೇಫೀಲ್ಡ್ ಮೈದಾನದ ಗೋಡೆಯಾಚೆ ಉತ್ತರ ಸಮುದ್ರ. ಗಾಳಿ ಬೆನ್ನಿಗಿದ್ದರೆ ಉದ್ದನೆಯ ಪಾಸ್ ಗೆರೆ ದಾಟಿ ಹೋಗುತ್ತದೆ. ಎದುರಿಗಿದ್ದರೆ ಕ್ರಾಸ್ ಮಾಡಿದ, ಅಂದರೆ ಅಂಚಿನಿಂದ ಗೋಲಿನ ಮುಂದಕ್ಕೆ ಒದ್ದ ಚೆಂಡು ಆಕಾಶದಲ್ಲೇ ತಡವರಿಸುತ್ತದೆ. ಅರ್ಧ ಸಮಯ ಆದಾಗ ಜನ ಎದ್ದು ಇನ್ನೊಂದು ತುದಿಗೆ ನಡೆಯುತ್ತಾರೆ. ನಾನೂ ನಡೆಯುತ್ತೇನೆ, ಕೈಯಲ್ಲಿ ಬಿಸಿ ಪೈ. ಗಾಳಿಯ ದಿಕ್ಕು ಗೊತ್ತಿಲ್ಲದೆ ಇಲ್ಲಿನ ಕ್ರಾಸ್‌ಗಳನ್ನು ಎಣಿಸುವುದು ದಂಡ.

ಅರ್ಬ್ರೋತ್ ತಂಡದವರು 2017ರಲ್ಲಿ ಲೀಗ್ ಟೂ (ನಾಲ್ಕನೇ ಹಂತ), 2019ರಲ್ಲಿ ಲೀಗ್ ಒನ್ (ಮೂರನೇ ಹಂತ) ಗೆದ್ದರು. 2022ರಲ್ಲಿ ಎರಡನೇ ಹಂತದ ಚಾಂಪಿಯನ್‌ಶಿಪ್‌ನಲ್ಲಿ ಕಿಲ್ಮಾರ್ನಾಕ್ ನಂತರ ಎರಡನೇ ಸ್ಥಾನ, ಅದೂ ಬೇರೆ ಕೆಲಸ ಮಾಡಿಕೊಂಡು ಆಡುವ ತಂಡ! ಆಗ ಮ್ಯಾನೇಜರ್ ಡಿಕ್ ಕ್ಯಾಂಪ್‌ಬೆಲ್. ಇವೆಲ್ಲ ನನ್ನ ಪುಸ್ತಕದಲ್ಲಿ ಒಂದೊಂದು ಸಾಲು ಅಷ್ಟೇ.

ಒಮ್ಮೆ ಅಲೆಯೊಂದು ಗೋಡೆ ಹಾರಿ ನೋಟ್‌ಬುಕ್ ತೋಯಿಸಿತು. ಎರಡನೇ ಅರ್ಧದ ಗೆರೆ, ಸೊನ್ನೆ ಎಲ್ಲ ನೀಲಿ ಕಲೆ. ಈಗ ಪೆನ್ಸಿಲ್ ಒಯ್ಯುತ್ತೇನೆ.